ರಾಥ್‌ಚೈಲ್ಡ್ ಮನೆತನದ ಲಾರ್ಡ್ ಪದವಿ: ಪದೇ ಪದೇ ಕೇಳುವ ಪ್ರಶ್ನೆಗಳು

ಯೂರೋಪಿನ ಬ್ಯಾಂಕ್ ಮನೆತನ ರಾಥ್‌ಚೈಲ್ಡ್ ಅಂತ ಹೆಸರೆತ್ತಿದ್ರೆ ಸಾಕು, ಎಲ್ರೂ ಕೇಳೋದು ಅವರ ಹತ್ರ ಎಷ್ಟು ದುಡ್ಡಿದೆ ಅಂತ. ನನಗೆ ಆ ಮನೆತನದಲ್ಲಿ ದುಡ್ಡಿಗಿಂತ ಅವರ ಪದವಿಯ ಕಥೆನೇ ಜಾಸ್ತಿ ಹಿಡಿಸಿದ್ದು, ಯಾಕಂದ್ರೆ ದುಡ್ಡು ಬಂದು ಎರಡು ತಲೆಮಾರು ಕಳೆದ್ರೂ ಇಂಗ್ಲೆಂಡ್ ಇವರನ್ನ ಹೊಸಿಲ ಆಚೆನೇ ನಿಲ್ಲಿಸಿತ್ತು, ಅದಕ್ಕೆ ಕಾರಣ ಇವರ ಯಹೂದಿ ಧರ್ಮ ಬಿಟ್ರೆ ಬೇರೇನೂ ಅಲ್ಲ. ಜನ ಮತ್ತೆ ಮತ್ತೆ ಕೇಳೋ ಪ್ರಶ್ನೆಗಳನ್ನ ಒಂದೇ ಕಡೆ ಹಾಕಿದೀನಿ.

ಇದು ಯಾವ ಪದವಿ? ಯಾರಿಗೆ ಸಿಕ್ತು, ಯಾವಾಗ?

ಪೂರ್ತಿ ಹೆಸರು ಬ್ಯಾರನ್ ರಾಥ್‌ಚೈಲ್ಡ್, ಆಫ್ ಟ್ರಿಂಗ್ ಇನ್ ದಿ ಕೌಂಟಿ ಆಫ್ ಹರ್ಟ್‌ಫರ್ಡ್. 1885ರ ಜೂನ್ 29ನೇ ತಾರೀಕು ನೇಥನ್ ಮೇಯರ್ ರಾಥ್‌ಚೈಲ್ಡ್‌ಗೆ ಕೊಟ್ಟಿದ್ದು. ಇವರ ತಾತನ ಹೆಸರೂ ಅದೇ ಆಗಿದ್ರಿಂದ ಗೊಂದಲ ಆಗ್ಬಾರ್ದು ಅಂತ ಇವರನ್ನ ಎಲ್ರೂ ನ್ಯಾಟಿ ಅಂತಾನೇ ಕರೀತಾರೆ, ನಾನೂ ಹಾಗೇ ಬರೀತೀನಿ. ಟ್ರಿಂಗ್ ಅನ್ನೋದು ಲಂಡನ್‌ನಿಂದ ವಾಯುವ್ಯಕ್ಕೆ ಇರೋ ಒಂದು ಸಣ್ಣ ಊರು, ಅಲ್ಲಿನ ಟ್ರಿಂಗ್ ಪಾರ್ಕ್ ಬಂಗಲೆನ ಅವರಪ್ಪ ಲಯನೆಲ್ 1872ರಲ್ಲಿ ಕೊಂಡು ಮಗನಿಗೆ ಕೊಟ್ಟಿದ್ರು.

ಅಲ್ಲಿಂದ ಇಲ್ಲಿ ತನಕ ಐದು ಜನ ಲಾರ್ಡ್ ರಾಥ್‌ಚೈಲ್ಡ್‌ಗಳು ಆಗಿದಾರೆ: ನ್ಯಾಟಿ, ಅವರ ಮಗ ವಾಲ್ಟರ್, ವಾಲ್ಟರ್ ತಮ್ಮನ ಮಗ ವಿಕ್ಟರ್, ವಿಕ್ಟರ್ ಮಗ ಜೇಕಬ್, ಈಗ ಜೇಕಬ್ ಮಗ ನೆಥಾನಿಯಲ್.

ಬ್ಯಾರನ್, ಬ್ಯಾರೊನೆಟ್, ಸರ್, ಲಾರ್ಡ್ ಎಲ್ಲಾ ಒಂದೇನಾ?

ಅಲ್ಲ. ಡ್ಯೂಕ್, ಮಾರ್ಕ್ವೆಸ್, ಅರ್ಲ್, ವೈಕೌಂಟ್, ಬ್ಯಾರನ್, ಈ ಐದು ಪಿಯರ್‌ಗಳ, ಅಂದ್ರೆ ಪದವಿ ಪಡೆದ ಕುಲೀನರ ಸಾಲು, ಬ್ಯಾರನ್ ಕೊನೇದು. ಕೊನೇದಾದ್ರೂ ಪಿಯರ್ ಪಿಯರ್ರೇ, ಆಗಿನ ಕಾಲಕ್ಕೆ ಪಾರ್ಲಿಮೆಂಟಿನ ಮೇಲ್ಮನೆ ಹೌಸ್ ಆಫ್ ಲಾರ್ಡ್ಸ್‌ನಲ್ಲಿ ಹುಟ್ಟಿನಿಂದಾನೇ ಸೀಟು, ಚುನಾವಣೆ ಗಿನಾವಣೆ ಏನಿಲ್ಲ. ಮಾತಾಡುವಾಗ ಬ್ಯಾರನ್ ಅನ್ನಲ್ಲ, ಲಾರ್ಡ್ ರಾಥ್‌ಚೈಲ್ಡ್ ಅಂತಾರೆ. ಬ್ಯಾರೊನೆಟ್ ಅದಕ್ಕಿಂತ ಕೆಳಗೆ, ಹೆಸರಿನ ಮುಂದೆ ಸರ್ ಬರುತ್ತೆ, ಅದೂ ಮಗನಿಗೆ ಹೋಗುತ್ತೆ, ಆದ್ರೆ ಲಾರ್ಡ್ಸ್‌ನಲ್ಲಿ ಸೀಟಿಲ್ಲ. ನೈಟ್ ಆದವರಿಗೂ ಸರ್ ಅಂತಾರೆ, ಅದು ಅವರ ಜೊತೆಗೇ ಮುಗೀತು.

ನಮ್ಮ ಹಳ್ಳಿಗಳಲ್ಲಿ ಪಟೇಲಿಕೆ, ಶಾನುಭೋಗಿಕೆ ಅಪ್ಪನಿಂದ ಮಗನಿಗೆ ಹೋಗ್ತಿತ್ತಲ್ಲ, ಹೆಚ್ಚುಕಮ್ಮಿ ಆ ಥರ ಅಂದ್ಕೊಳ್ಳಿ. ಆದ್ರೆ ಪಟೇಲರಿಗೆ ಕಂದಾಯ ವಸೂಲಿ ಕೆಲಸ ಇರ್ತಿತ್ತು, ಇಲ್ಲಿ ಲಾರ್ಡ್ಸ್‌ನಲ್ಲಿ ಕೂರೋದು ಬಿಟ್ರೆ ಕೆಲಸಾನೂ ಇಲ್ಲ, ಪದವಿ ಜೊತೆಗೆ ಜಮೀನು ಸಂಬಳ ಏನೂ ಬರಲ್ಲ.

1822ರಲ್ಲೇ ಇವರು ಬ್ಯಾರನ್ ಆಗಿದ್ರು ಅಂತ ಓದಿದ್ವಿ. ಹಾಗಿದ್ರೆ 1885 ಯಾಕೆ?

ಎರಡೂ ನಿಜ, ಆದ್ರೆ ಎರಡು ಬೇರೆ ಬೇರೆ ಪದವಿ. ಮನೆತನದ ಮೂಲ ಪುರುಷ ಮೇಯರ್ ಆಮ್ಶೆಲ್, ಜರ್ಮನಿಯ ಫ್ರಾಂಕ್‌ಫರ್ಟ್‌ನಲ್ಲಿ ಯಹೂದಿಗಳನ್ನ ಕೂಡಿಹಾಕಿದ್ದ ಇಕ್ಕಟ್ಟಾದ ಬೀದೀಲಿ ಹುಟ್ಟಿ ಬೆಳೆದವರು, ರಾತ್ರಿ ಆದ್ರೆ ಆ ಬೀದಿಯ ಗೇಟಿಗೆ ಬೀಗ ಹಾಕ್ತಿದ್ರು. ಅವರ ಐದು ಗಂಡುಮಕ್ಕಳು ಫ್ರಾಂಕ್‌ಫರ್ಟ್, ವಿಯೆನ್ನಾ, ಲಂಡನ್, ನೇಪಲ್ಸ್, ಪ್ಯಾರಿಸ್ ಹೀಗೆ ಒಬ್ಬೊಬ್ರು ಒಂದೊಂದು ಕಡೆ ಬ್ಯಾಂಕ್ ನಡೆಸಿದ್ರು. ಮನೆತನದ ಲಾಂಛನದಲ್ಲಿ ಐದು ಬಾಣ ಇರೋದು ಈ ಐದು ಜನರ ಗುರುತಿಗೆ. ನೆಪೋಲಿಯನ್ ಯುದ್ಧ ಮುಗಿದ್ಮೇಲೆ ಆಸ್ಟ್ರಿಯಾ ಸರ್ಕಾರಕ್ಕೆ ಸಾಲ ಎತ್ತಿಕೊಟ್ಟಿದ್ದಕ್ಕೆ ಚಕ್ರವರ್ತಿ ಮೊದಲನೇ ಫ್ರಾನ್ಸಿಸ್ 1822ರಲ್ಲಿ ಐದೂ ಜನಕ್ಕೆ ಬ್ಯಾರನ್ ಪದವಿ ಕೊಟ್ರು, ಅದು ದೊಡ್ಡ ಮಗನಿಗೆ ಮಾತ್ರ ಅಲ್ಲ, ಗಂಡು ಸಂತಾನದ ಎಲ್ರಿಗೂ ಹೋಗೋವಂಥದ್ದು. ಅದಕ್ಕೇ ಪ್ಯಾರಿಸ್ ಶಾಖೆಯವರೂ ಬ್ಯಾರನ್, ವಿಯೆನ್ನಾದವರೂ ಬ್ಯಾರನ್, ಎಲ್ಲಿ ನೋಡಿದ್ರೂ ಬ್ಯಾರನ್‌ಗಳೇ.

ಲಂಡನ್‌ನಲ್ಲಿದ್ದ ತಾತ ನೇಥನ್ ಮಾತ್ರ ಆ ಪದವಿನ ಬಳಸಲೇ ಇಲ್ಲ, ಸಾಯೋ ತನಕ ಮಿಸ್ಟರ್ ರಾಥ್‌ಚೈಲ್ಡ್ ಆಗೇ ಇದ್ರು. ಅವರು 1836ರಲ್ಲಿ ಮಗ ಲಯನೆಲ್ ಮದುವೆಗೆ ಅಂತ ಫ್ರಾಂಕ್‌ಫರ್ಟ್‌ಗೆ ಹೋದವರು ಅಲ್ಲೇ ತೀರಿಕೊಂಡ್ರು. ಎರಡು ವರ್ಷ ಆದ್ಮೇಲೆ, 1838ರಲ್ಲಿ, ಅವರ ಗಂಡುಮಕ್ಕಳಿಗೆ ಆಸ್ಟ್ರಿಯಾದ ಪದವಿನ ಬ್ರಿಟನ್‌ನಲ್ಲಿ ಬಳಸ್ಕೊಳ್ಳೋಕೆ ವಿಕ್ಟೋರಿಯಾ ರಾಣಿ ಪರ್ಮಿಷನ್ ಕೊಟ್ರು. ಆದ್ರೆ ಅದು ಹೆಸರಿಗೆ ಮಾತ್ರ, ಅದ್ರಿಂದ ಲಾರ್ಡ್ಸ್ ಒಳಗೆ ಕಾಲಿಡೋಕೆ ಆಗ್ತಿರ್ಲಿಲ್ಲ. ಮೊದಲನೇ ಮಹಾಯುದ್ಧ ಆದ್ಮೇಲೆ 1919ರಲ್ಲಿ ಆಸ್ಟ್ರಿಯಾ ಎಲ್ಲಾ ಶ್ರೀಮಂತ ಪದವಿಗಳನ್ನೂ ರದ್ದು ಮಾಡ್ತು. ಬ್ರಿಟನ್ನಿನದ್ದು ಉಳ್ಕೊಂಡಿದೆ.

ನೆಪೋಲಿಯನ್ ಸೋತ ವಾಟರ್ಲೂ ಯುದ್ಧದ ಸುದ್ದಿ ಮೊದಲೇ ತಿಳ್ಕೊಂಡು ಷೇರು ಮಾರ್ಕೆಟ್‌ನಲ್ಲಿ ಇಂಗ್ಲೆಂಡ್ನೇ ಕೊಂಡ್ಕೊಂಡ್ರಂತೆ, ಅದಕ್ಕೆ ಪದವಿ ಸಿಕ್ತಾ?

ಇದು ವಾಟ್ಸಾಪ್‌ನಲ್ಲಿ ಇವತ್ತಿಗೂ ಓಡಾಡ್ತಿದೆ. ಈ ಕಥೆ ಜೋರಾಗಿ ಹಬ್ಬಿದ್ದು 1846ರಲ್ಲಿ ಪ್ಯಾರಿಸ್‌ನಲ್ಲಿ ಅಚ್ಚಾದ ಒಂದು ಯಹೂದಿ ದ್ವೇಷದ ಕರಪತ್ರದಿಂದ, ಅಂದ್ರೆ ಯುದ್ಧ ಆಗಿ ಮೂವತ್ತೊಂದು ವರ್ಷ ಆದ್ಮೇಲೆ. ಅದ್ರಲ್ಲಿ ನೇಥನ್ ಖುದ್ದು ವಾಟರ್ಲೂನಲ್ಲಿ ನಿಂತು ಯುದ್ಧ ನೋಡಿ ಬಿರುಗಾಳೀಲಿ ಸಮುದ್ರ ದಾಟಿ ಬಂದ್ರು ಅಂತೆಲ್ಲಾ ಇದೆ, ಅವರು ಆಗ ಲಂಡನ್‌ನಲ್ಲೇ ಇದ್ರು. ಇತಿಹಾಸಕಾರರು ಇದನ್ನ ಯಾವತ್ತೋ ತಳ್ಳಿಹಾಕಿದಾರೆ. ನೇಥನ್ ನಿಜವಾಗಿ ಮಾಡಿದ್ದು 1814ರಿಂದ ಯೂರೋಪಿನಲ್ಲೆಲ್ಲಾ ಚಿನ್ನದ ನಾಣ್ಯ ಕೂಡಿಸಿ ಬ್ರಿಟಿಷ್ ಸೇನಾಪತಿ ವೆಲ್ಲಿಂಗ್ಟನ್ ಸೈನ್ಯದ ಖರ್ಚಿಗೆ ತಲುಪಿಸೋ ಕೆಲಸ, ಅದು ಬ್ರಿಟಿಷ್ ಸರ್ಕಾರ ವಹಿಸಿದ ಕೆಲಸ, ಅದಕ್ಕೆ ಕಮಿಷನ್ ಸಿಗ್ತಿತ್ತು. ವಾಟರ್ಲೂ ಕಥೆ ಫಾರ್ವರ್ಡ್ ಮಾಡೋರು ಅದು ಯಾರ ಕೈಯಿಂದ, ಯಾವ ಉದ್ದೇಶಕ್ಕೆ ಹುಟ್ಟಿತು ಅಂತ ಒಂದ್ಸಲ ಯೋಚನೆ ಮಾಡ್ಬೇಕು, ಅದೇ ಥರದ ಕರಪತ್ರಗಳು ಮುಂದೆ ಜರ್ಮನೀಲಿ ಎಲ್ಲಿಗೆ ಹೋಗಿ ಮುಟ್ಟಿದ್ವು ಅನ್ನೋದು ನಮಗೆಲ್ಲಾ ಗೊತ್ತಿರೋದೇ.

ಇನ್ನು ಪದವಿಗೂ ಇದಕ್ಕೂ ಸಂಬಂಧಾನೇ ಇಲ್ಲ. ವಾಟರ್ಲೂ 1815, ಪದವಿ 1885. ಎಪ್ಪತ್ತು ವರ್ಷ! ಇಂಗ್ಲೆಂಡ್ನೇ ಕೊಂಡ್ಕೊಂಡವರು ಒಂದು ಪದವಿಗೆ ಎಪ್ಪತ್ತು ವರ್ಷ ಕಾಯ್ತಿದ್ರಾ?

ಲಯನೆಲ್ ಗೆದ್ರೂ ಪಾರ್ಲಿಮೆಂಟ್ ಒಳಗೆ ಬಿಡಲಿಲ್ಲ ಅಂತಾರಲ್ಲ, ಯಾಕೆ?

ಇಡೀ ಕಥೇಲಿ ನನಗೆ ತುಂಬಾ ಹತ್ರ ಅನ್ಸೋದು ಇದೇ ಭಾಗ, ಅದಕ್ಕೇ ಸ್ವಲ್ಪ ಉದ್ದ ಬರೀತೀನಿ.

ಲಯನೆಲ್ ಲಂಡನ್‌ನಲ್ಲೇ 1808ರಲ್ಲಿ ಹುಟ್ಟಿದವರು. 1847ರಲ್ಲಿ ಸಿಟಿ ಆಫ್ ಲಂಡನ್ ಕ್ಷೇತ್ರದಿಂದ ಲಿಬರಲ್ ಪಾರ್ಟಿ ಕಡೆಯಿಂದ ನಿಂತು ಗೆದ್ರು. ಗೆದ್ದವರು ಕೆಳಮನೆ ಕಾಮನ್ಸ್‌ನಲ್ಲಿ ಕೂರೋಕೆ ಮುಂಚೆ ಪ್ರಮಾಣ ಮಾಡ್ಬೇಕು, ಆ ಪ್ರಮಾಣದ ಕೊನೇಲಿ ಕ್ರೈಸ್ತನ ನಿಜವಾದ ನಂಬಿಕೆಯ ಮೇಲೆ ಅಂತ ಒಂದು ಸಾಲಿತ್ತು. ಲಯನೆಲ್ ಆ ಸಾಲು ಹೇಳೋಕೆ ಒಪ್ಪಲಿಲ್ಲ. ಬಾಯಿಮಾತಿಗೆ ಅಂದುಬಿಟ್ಟಿದ್ರೆ ಆಗ್ತಿತ್ತು, ಎಷ್ಟೋ ಜನ ಹಾಗೇ ಮಾಡ್ತಿದ್ರೋ ಏನೋ, ಆದ್ರೆ ಇವರು ನನ್ನ ಧರ್ಮ ನಂದು, ಸುಳ್ಳು ಪ್ರಮಾಣ ಮಾಡಲ್ಲ ಅಂತ ಪಟ್ಟು ಹಿಡಿದು ಕೂತ್ರು.

ಕಾಮನ್ಸ್ ಬಿಲ್ ಪಾಸ್ ಮಾಡೋದು, ಲಾರ್ಡ್ಸ್ ಬಿಸಾಕೋದು, ಮತ್ತೆ ಪಾಸ್ ಮಾಡೋದು, ಮತ್ತೆ ಬಿಸಾಕೋದು, ಹೀಗೇ ಹನ್ನೊಂದು ವರ್ಷ ನಡೀತು. ಮಧ್ಯೆ 1850ರಲ್ಲಿ ಲಯನೆಲ್ ಸದನಕ್ಕೇ ಹೋಗಿ ಹಳೇ ಒಡಂಬಡಿಕೆ ಮುಟ್ಟಿ ಪ್ರಮಾಣ ಮಾಡ್ತಾ ಬಂದು ಆ ಸಾಲು ಬಂದಾಗ ನಿಲ್ಲಿಸಿಬಿಟ್ರು, ಸ್ಪೀಕರ್ ಹೊರಗೆ ಹೋಗಿ ಅಂದ್ರು, ಹೋದ್ರು. 1851ರಲ್ಲಿ ಗ್ರೀನಿಚ್‌ನಿಂದ ಗೆದ್ದ ಇನ್ನೊಬ್ಬ ಯಹೂದಿ ಡೇವಿಡ್ ಸಾಲೊಮನ್ಸ್ ಆ ಸಾಲು ಬಿಟ್ಟು ಪ್ರಮಾಣ ಮಾಡಿ ಸೀದಾ ಹೋಗಿ ಸೀಟಲ್ಲಿ ಕೂತು ವೋಟನ್ನೂ ಹಾಕಿದ್ರು, ಅವರಿಗೆ ಕೋರ್ಟು 500 ಪೌಂಡ್ ದಂಡ ಹಾಕ್ತು. ಸಿಟಿ ಆಫ್ ಲಂಡನ್ ಜನ ಮಾತ್ರ ಲಯನೆಲ್‌ನ ಮತ್ತೆ ಮತ್ತೆ ಆರಿಸಿ ಕಳಿಸ್ತಾನೇ ಇದ್ರು, ಕೂರೋಕೇ ಆಗದ ಎಂಪಿಗೆ ವೋಟ್ ಹಾಕ್ತಿದೀವಿ ಅಂತ ಗೊತ್ತಿದ್ದೂ ಹಾಕಿದ್ರು. ಈ ಕಥೇಲಿ ಆ ವೋಟರ್‌ಗಳ ಬಗ್ಗೆ ಯಾರೂ ಮಾತಾಡಲ್ಲ, ಮಾತಾಡ್ಬೇಕು ಅಂತ ನನಗನ್ಸುತ್ತೆ.

ಕೊನೆಗೆ 1858ರಲ್ಲಿ ರಾಜಿ ಆಯ್ತು, ಆಯಾ ಸದನ ತನ್ನ ಪ್ರಮಾಣದ ಮಾತನ್ನ ತಾನೇ ನಿರ್ಣಯ ಮಾಡಿ ಬದಲಾಯಿಸ್ಕೊಬೋದು ಅಂತ. ಜುಲೈ 26ಕ್ಕೆ ಲಯನೆಲ್ ಸದನಕ್ಕೆ ಬಂದ್ರು. ಯಹೂದಿ ಪದ್ಧತಿ ಪ್ರಕಾರ ತಲೆ ಮೇಲೆ ಹ್ಯಾಟ್ ಇಟ್ಕೊಂಡು, ಹೀಬ್ರೂ ಬೈಬಲ್ ಮುಟ್ಟಿ, ಕೊನೇಲಿ ಕ್ರೈಸ್ತನ ನಂಬಿಕೆ ಅನ್ನೋ ಜಾಗದಲ್ಲಿ ಜೆಹೋವಾ ನನಗೆ ಸಹಾಯ ಮಾಡಲಿ ಅಂತ ಹೇಳಿ ಸೈನ್ ಹಾಕಿ, ಮುಂದೆ ಪ್ರಧಾನಿ ಆದ ಡಿಸ್ರೇಲಿ ಕೈ ಕುಲುಕಿ ಹೋಗಿ ಕೂತ್ರು. ಆಮೇಲೆ ಇಷ್ಟು ವರ್ಷ ಎಂಪಿ ಆಗಿದ್ರೂ ಅವರು ಸದನದಲ್ಲಿ ಒಂದೇ ಒಂದು ಭಾಷಣ ಮಾಡಿದ ದಾಖಲೆ ಇಲ್ಲ. ಹಾಗಿದ್ರೆ ಅಷ್ಟು ಒದ್ದಾಡಿದ್ದು ಯಾಕೆ ಅಂತ ಕೆಲವರು ಕೇಳ್ತಾರೆ. ಅಲ್ಲಿ ಕೂತಿದ್ದೇ ಅವರ ಭಾಷಣ ಅಂತೀನಿ ನಾನು.

1847ರಲ್ಲಿ ಇನ್ನೊಂದು ಪದವಿ ಸಿಕ್ಕಿತ್ತಂತಲ್ಲ?

ಹೌದು, ಬ್ಯಾರೊನೆಟ್ ಪದವಿ, ಅದು ಹೋಗಿದ್ದು ಲಯನೆಲ್ ತಮ್ಮ ಆಂಥನಿಗೆ. ಆಂಥನಿಗೆ ಎರಡು ಹೆಣ್ಣುಮಕ್ಕಳು ಮಾತ್ರ. ಅದಕ್ಕೇ ಆ ಪದವಿಪತ್ರದಲ್ಲಿ ಸ್ಪೆಷಲ್ಲಾಗಿ, ಇವರಿಗೆ ಗಂಡುಮಕ್ಕಳಿಲ್ಲದೆ ಹೋದ್ರೆ ಅಣ್ಣ ಲಯನೆಲ್‌ನ ಗಂಡುಮಕ್ಕಳಿಗೆ ಹೋಗ್ಲಿ ಅಂತ ಬರೆಸಿದ್ರು. ಹಾಗಾಗಿ 1876ರಲ್ಲಿ ಆಂಥನಿ ತೀರಿಕೊಂಡಾಗ ಅಣ್ಣನ ಮಗ ನ್ಯಾಟಿ ಸರ್ ನೇಥನ್ ಆದ್ರು. ಆ ಬ್ಯಾರೊನೆಟ್ ಪದವಿ ಈಗ್ಲೂ ಲಾರ್ಡ್ ಪದವಿ ಜೊತೆಗೇ ಬರ್ತಿದೆ.

ವಿಕ್ಟೋರಿಯಾ ರಾಣಿ 1869ರಲ್ಲಿ ಆಗಲ್ಲ ಅಂದಿದ್ದು ನಿಜಾನಾ?

ನಿಜ. 1866ರಲ್ಲಿ ಪ್ರಮಾಣದ ಹೊಸ ಕಾನೂನು ಬಂದು ಕ್ರೈಸ್ತನ ನಂಬಿಕೆ ಅನ್ನೋ ಸಾಲು ಎರಡೂ ಸದನಕ್ಕೂ ಹೋಗಿಬಿಟ್ಟಿತ್ತು, ಅಂದ್ರೆ ಕಾನೂನಿನ ಅಡ್ಡಿ ಇರ್ಲಿಲ್ಲ. ಪ್ರಧಾನಿ ಗ್ಲಾಡ್‌ಸ್ಟನ್ ಲಯನೆಲ್‌ನ ಪಿಯರ್ ಮಾಡೋಣ ಅಂತ ರಾಣಿಗೆ ಬರೆದ್ರು. ರಾಣಿ ಒಪ್ಪಲಿಲ್ಲ. ಯಹೂದಿಯೊಬ್ಬರನ್ನ ಪಿಯರ್ ಮಾಡೋಕೆ ತಮಗೆ ಮನಸ್ಸಿಲ್ಲ ಅಂದ್ರು, ಅದ್ರ ಜೊತೆಗೆ ವಿದೇಶಿ ಸರ್ಕಾರಗಳಿಗೆ ಸಾಲ ಕೊಟ್ಟು, ಷೇರುಪೇಟೇಲಿ ಸಟ್ಟಾ ಆಡಿ ದುಡ್ಡು ಮಾಡಿದವರು ಬ್ರಿಟಿಷ್ ಪದವಿಗೆ ಲಾಯಕ್ಕಾ ಅನ್ನೋ ಅರ್ಥದಲ್ಲೂ ಬರೆದ್ರು.

ಎರಡನೇ ಕಾರಣ ಕೇಳೋಕೆ ನೀತಿ ಮಾತಿನ ಥರ ಇದೆ. ಆದ್ರೆ ಅದು ನಿಲ್ಲಲ್ಲ. ಬ್ಯಾಂಕರ್‌ಗಳು ಆಗ್ಲೇ ಲಾರ್ಡ್ಸ್‌ನಲ್ಲಿದ್ರು: ನಾಟಿಂಗ್‌ಹ್ಯಾಮ್‌ನ ಸ್ಮಿತ್ ಬ್ಯಾಂಕಿನ ರಾಬರ್ಟ್ ಸ್ಮಿತ್ 1790ರ ದಶಕದಲ್ಲೇ ಲಾರ್ಡ್ ಕ್ಯಾರಿಂಗ್ಟನ್ ಆಗಿದ್ರು, ವಿದೇಶಿ ಸಾಲದ ವ್ಯವಹಾರದಲ್ಲೇ ಬೆಳೆದ ಅಲೆಕ್ಸಾಂಡರ್ ಬೇರಿಂಗ್ 1835ರಲ್ಲಿ ಲಾರ್ಡ್ ಆಶ್‌ಬರ್ಟನ್ ಆಗಿದ್ರು. ಅವರಿಗಿಲ್ಲದ ಕೊರತೆ ಲಯನೆಲ್‌ಗೆ ಎಲ್ಲಿಂದ ಬಂತು? ಬ್ರಿಟಿಷ್ ಸರ್ಕಾರ ಐರ್ಲೆಂಡ್ ಬರಗಾಲದ ಪರಿಹಾರಕ್ಕೆ ಅಂತ 1847ರಲ್ಲಿ 80 ಲಕ್ಷ ಪೌಂಡ್ ಸಾಲ ಎತ್ತುವಾಗ ಇದೇ ಮನೆತನ ಬೇಕಾಗಿತ್ತು. ರಾಣಿ ಆಗಲ್ಲ ಅಂದ 1869ರಲ್ಲೇ ಇನ್ನೊಂದು ಆಯ್ತು, ಕ್ಯಾಥೊಲಿಕ್ ಆಗಿದ್ದ ಜಾನ್ ಆಕ್ಟನ್‌ನ ಪಿಯರ್ ಮಾಡೋಕೆ ರಾಣಿ ಒಪ್ಕೊಂಡ್ರು. ಯಹೂದಿ ಮಾತ್ರ ಬೇಡ. ನೂರೈವತ್ತು ವರ್ಷ ಆಗಿದ್ರೂ ಇದನ್ನ ಓದುವಾಗ ನನಗೆ ಸಿಟ್ಟು ಬರುತ್ತೆ.

ಮತ್ತೆ 1885ರಲ್ಲಿ ರಾಣಿ ಮನಸ್ಸು ಹೇಗೆ ಬದಲಾಯ್ತು?

ಒಂದೇ ಕಾರಣ ಅಂತ ಹೇಳೋಕಾಗಲ್ಲ. 1875ರಲ್ಲಿ ಈಜಿಪ್ಟ್‌ನ ದೊರೆ ಇಸ್ಮಾಯಿಲ್ ಸಾಲದಲ್ಲಿ ಮುಳುಗಿ ಸೂಯೆಜ್ ಕಾಲುವೆ ಕಂಪನೀಲಿದ್ದ ತನ್ನ ಷೇರನ್ನೆಲ್ಲಾ, ಅಂದ್ರೆ 1,76,602 ಷೇರು, ಮಾರೋಕೆ ಹೊರಟ್ರು. ಪಾರ್ಲಿಮೆಂಟ್ ಆಗ ರಜೇಲಿತ್ತು, ಸರ್ಕಾರಕ್ಕೆ ತಕ್ಷಣ ದುಡ್ಡು ಬೇಕು, ಪ್ರಧಾನಿ ಡಿಸ್ರೇಲಿ ಸೀದಾ ಲಯನೆಲ್ ಹತ್ರ ಕಳಿಸಿದ್ರು, ಸುಮಾರು 40 ಲಕ್ಷ ಪೌಂಡ್ ಬಂತು. ಪುಕ್ಕಟೆ ಏನೂ ಕೊಡಲಿಲ್ಲ, ಎರಡೂವರೆ ಪರ್ಸೆಂಟ್ ಕಮಿಷನ್ ತಗೊಂಡ್ರು, ಅದನ್ನ ಆಗ ಪಾರ್ಲಿಮೆಂಟ್‌ನಲ್ಲಿ ಕೆಲವರು ಜಾಸ್ತಿ ಆಯ್ತು ಅಂತ ಟೀಕೆನೂ ಮಾಡಿದ್ರು. ಇಂಡಿಯಾಕ್ಕೆ ಬರೋ ಹಡಗು ದಾರಿಯ ದೊಡ್ಡ ಪಾಲು ಹಾಗೆ ಬ್ರಿಟಿಷರ ಕೈಗೆ ಬಂತು.

ಲಯನೆಲ್ 1879ರಲ್ಲಿ ಪದವಿ ಇಲ್ಲದೇನೇ ತೀರಿಕೊಂಡ್ರು. ಮಗ ನ್ಯಾಟಿ ಕೇಂಬ್ರಿಜ್‌ನಲ್ಲಿ ಓದುವಾಗಿಂದ ಯುವರಾಜ ಎಡ್ವರ್ಡ್ ಪರಿಚಯ, 1865ರಿಂದ ಇಪ್ಪತ್ತು ವರ್ಷ ಏಲ್ಸ್‌ಬರಿ ಕ್ಷೇತ್ರದ ಎಂಪಿ, ಹಳ್ಳೀಲಿ ಎಸ್ಟೇಟ್ ಇರೋ ಜಮೀನ್ದಾರ. ಇಂಥವರನ್ನ ಸಟ್ಟಾಕೋರ ಅನ್ನೋಕೆ ಬರೋಲ್ಲ. ಗ್ಲಾಡ್‌ಸ್ಟನ್ 1885ರಲ್ಲಿ ಮತ್ತೆ ಶಿಫಾರಸು ಮಾಡಿದಾಗ ರಾಣಿ ಒಪ್ಪಿದ್ರು. ಜುಲೈ 9ಕ್ಕೆ ನ್ಯಾಟಿ ಲಾರ್ಡ್ಸ್‌ನಲ್ಲಿ, ಅವರಪ್ಪ ಕಾಮನ್ಸ್‌ನಲ್ಲಿ ಮಾಡಿದ ಹಾಗೇ, ತಲೆ ಮುಚ್ಕೊಂಡು ಹೀಬ್ರೂ ಬೈಬಲ್ ಮುಟ್ಟಿ ಪ್ರಮಾಣ ಮಾಡಿದ್ರು. ಐದು ವರ್ಷ ಆದ್ಮೇಲೆ ರಾಣಿ ತಾವೇ ಈ ಮನೆತನದ ಫರ್ಡಿನಾಂಡ್ ಕಟ್ಟಿಸಿದ್ದ ವಾಡ್ಸ್‌ಡನ್ ಬಂಗಲೆಗೆ ಅತಿಥಿಯಾಗಿ ಹೋದ್ರು.

ಡಿಸ್ರೇಲಿ ಮೊದಲೇ ಲಾರ್ಡ್ ಆಗಿದ್ರಲ್ಲ? ಅವರು ಯಹೂದಿ ಅಲ್ವಾ?

ಹುಟ್ಟಿನಿಂದ ಹೌದು. ಆದ್ರೆ ಹನ್ನೆರಡು ವರ್ಷದ ಹುಡುಗ ಆಗಿದ್ದಾಗ್ಲೇ ಅವರಿಗೆ ಆಂಗ್ಲಿಕನ್ ಚರ್ಚಿನಲ್ಲಿ ದೀಕ್ಷಾಸ್ನಾನ ಮಾಡ್ಸಿದ್ರು, ಅದಕ್ಕೇ ಪ್ರಮಾಣದ ತೊಂದರೆ ಬರ್ಲಿಲ್ಲ. 1876ರಲ್ಲಿ ಅರ್ಲ್ ಆಫ್ ಬೀಕನ್ಸ್‌ಫೀಲ್ಡ್ ಆದ್ರು. ತನ್ನ ಧರ್ಮ ಬಿಡದೆ ಲಾರ್ಡ್ಸ್‌ನಲ್ಲಿ ಕೂತ ಮೊದಲನೇ ಯಹೂದಿ ನ್ಯಾಟೀನೇ.

ಬೇರೆ ಬ್ಯಾಂಕ್ ಮನೆತನಗಳಿಗೂ ಹೀಗೆ ಪದವಿ ಇತ್ತಾ? ಇಂಡಿಯಾಕ್ಕೆ ಏನಾದ್ರೂ ಲಿಂಕ್ ಇದೆಯಾ?

ಬೇಕಾದಷ್ಟು. ಬೇರಿಂಗ್ ಮನೆತನದವರು ಪದವಿ ಗಳಿಸೋದ್ರಲ್ಲಿ ರಾಥ್‌ಚೈಲ್ಡ್‌ಗಳನ್ನ ಎಲ್ಲೋ ಹಿಂದೆ ಹಾಕಿದಾರೆ: ಆಶ್‌ಬರ್ಟನ್, ನಾರ್ತ್‌ಬ್ರೂಕ್, ರೆವೆಲ್‌ಸ್ಟೋಕ್, ಕ್ರೋಮರ್, ಹಾವಿಕ್, ಒಂದೇ ಮನೆಯಿಂದ ಐದು. ಇದ್ರಲ್ಲಿ ರೆವೆಲ್‌ಸ್ಟೋಕ್ ಪದವಿ ನ್ಯಾಟಿಗೆ ಸಿಕ್ಕ ಮಾರನೇ ದಿನಾನೇ ಸಿಕ್ಕಿದ್ದು. ಐದೇ ವರ್ಷಕ್ಕೆ, 1890ರಲ್ಲಿ, ಆ ಲಾರ್ಡ್ ರೆವೆಲ್‌ಸ್ಟೋಕ್ ಅರ್ಜೆಂಟೀನಾ ಸಾಲದಲ್ಲಿ ಬ್ಯಾಂಕ್‌ನ ಮುಳುಗೋ ಹಂತಕ್ಕೆ ತಂದ್ರು, ಬ್ಯಾಂಕ್ ಆಫ್ ಇಂಗ್ಲೆಂಡ್ ಮುಂದೆ ನಿಂತು ಬೇರೆ ಬ್ಯಾಂಕುಗಳನ್ನ ಸೇರಿಸಿ ಕಾಪಾಡ್ತು, ರಾಥ್‌ಚೈಲ್ಡ್ ಕೂಡ ಪಾಲು ಹಾಕಿದ್ರು. 1995ರಲ್ಲಿ ಮತ್ತೆ ಮುಳುಗಿದಾಗ ಮಾತ್ರ ಯಾರೂ ಕಾಪಾಡಲಿಲ್ಲ, ಸಿಂಗಾಪುರದಲ್ಲಿ ಒಬ್ಬ ಟ್ರೇಡರ್ 82 ಕೋಟಿ ಪೌಂಡ್‌ಗಿಂತ ಜಾಸ್ತಿ ಕಳೆದಿದ್ದ, ಬ್ಯಾಂಕ್ ಒಂದು ಪೌಂಡಿಗೆ ಡಚ್ ಕಂಪನಿ ಪಾಲಾಯ್ತು. ಪದವಿಗಳು ಮಾತ್ರ ಹಾಗೇ ಇವೆ.

ಇಂಡಿಯಾ ಲಿಂಕ್ ಇಲ್ಲೇ ಇದೆ. 1872ರಿಂದ 1876ರ ತನಕ ನಮ್ಮ ವೈಸರಾಯ್ ಆಗಿದ್ದ ಲಾರ್ಡ್ ನಾರ್ತ್‌ಬ್ರೂಕ್ ಇದೇ ಬೇರಿಂಗ್ ಮನೆತನದವರು. ಇನ್ನೊಂದು ಬ್ಯಾಂಕ್ ಮನೆತನ ಸ್ಯಾಮ್ಯುಯೆಲ್ ಮಾಂಟೆಗು ಅವರದ್ದು, ಅವರು 1907ರಲ್ಲಿ ಲಾರ್ಡ್ ಸ್ವೇದ್ಲಿಂಗ್ ಆದ್ರು. ಪದವಿ ದೊಡ್ಡ ಮಗನಿಗೆ ಹೋಯ್ತು, ಇನ್ನೊಬ್ಬ ಮಗ ಎಡ್ವಿನ್ ರಾಜಕೀಯಕ್ಕೆ ಬಂದ್ರು. ಸ್ಕೂಲಲ್ಲಿ ಮಾಂಟೆಗು-ಚೆಮ್ಸ್‌ಫರ್ಡ್ ಸುಧಾರಣೆ ಅಂತ ಬಾಯಿಪಾಠ ಮಾಡಿದೀವಲ್ಲ, ಆ ಮಾಂಟೆಗು ಇವರೇ.

ಎರಡನೇ ಲಾರ್ಡ್ ಜೀಬ್ರಾ ಗಾಡೀಲಿ ಓಡಾಡ್ತಿದ್ದವರಾ?

ಅವರೇ, ವಾಲ್ಟರ್. 1915ರಲ್ಲಿ ನ್ಯಾಟಿ ತೀರಿಕೊಂಡ್ಮೇಲೆ ಲಾರ್ಡ್ ಆದ್ರು. ಬ್ಯಾಂಕಲ್ಲಿ ಹಲವು ವರ್ಷ ಕೂರಿಸಿದ್ರು, ಮನಸ್ಸೆಲ್ಲಾ ಪ್ರಾಣಿ ಪಕ್ಷಿ ಮೇಲೆ, 1908ರಲ್ಲಿ ಬಿಟ್ಟು ಬಂದ್ರು. ಜೀಬ್ರಾನ ಪಳಗಿಸ್ಬೋದು ಅಂತ ತೋರಿಸೋಕೆ ಜೀಬ್ರಾಗಳನ್ನ ಗಾಡಿಗೆ ಕಟ್ಟಿ ಲಂಡನ್ ಬೀದೀಲಿ ಬಕಿಂಗ್‌ಹ್ಯಾಮ್ ಅರಮನೆ ತನಕ ಓಡಿಸ್ಕೊಂಡು ಹೋದ್ರು. ಟ್ರಿಂಗ್‌ನಲ್ಲಿ ಕಟ್ಟಿದ ಮ್ಯೂಸಿಯಂನ 1892ರಲ್ಲಿ ಜನಕ್ಕೆ ತೆರೆದ್ರು. ಚಿಟ್ಟೆ ಪತಂಗ ಸೇರಿ 20 ಲಕ್ಷಕ್ಕೂ ಮೇಲೆ, ಹಕ್ಕಿ ಚರ್ಮಗಳು ಸುಮಾರು 3 ಲಕ್ಷ. ದುಡ್ಡಿನ ಕಷ್ಟ ಬಂದಾಗ 1932ರಲ್ಲಿ ಆ ಹಕ್ಕಿಗಳಲ್ಲಿ ಬಹುಪಾಲನ್ನ ನ್ಯೂಯಾರ್ಕಿನ ಮ್ಯೂಸಿಯಂಗೆ ಮಾರ್ಬೇಕಾಯ್ತು. ಲಾರ್ಡ್ ಆಗಿದ್ದು ಮರೆತುಹೋಗ್ಬೋದು, ರಾಥ್‌ಚೈಲ್ಡ್ ಜಿರಾಫೆ ಅನ್ನೋ ಹೆಸರು ಇವರಿಂದಾನೇ ಉಳ್ಕೊಂಡಿದೆ.

ಬಾಲ್ಫರ್ ಘೋಷಣೆ ಇವರ ಹೆಸರಿಗೇ ಯಾಕೆ ಬರೆದಿದ್ದು?

1917ರ ನವೆಂಬರ್ 2ರಂದು ವಿದೇಶಾಂಗ ಮಂತ್ರಿ ಬಾಲ್ಫರ್, ಪ್ಯಾಲೆಸ್ಟೀನ್‌ನಲ್ಲಿ ಯಹೂದಿಗಳಿಗೆ ಒಂದು ನೆಲೆ ಆಗೋದನ್ನ ಬ್ರಿಟಿಷ್ ಸರ್ಕಾರ ಬೆಂಬಲಿಸುತ್ತೆ ಅಂತ ಬರೆದ ಪತ್ರ ಶುರುವಾಗೋದೇ ಡಿಯರ್ ಲಾರ್ಡ್ ರಾಥ್‌ಚೈಲ್ಡ್ ಅಂತ. ಅದು ವಾಲ್ಟರ್. ಜುಲೈನಲ್ಲಿ ಕರಡು ಕಳಿಸಿದ್ದೂ ಅವರೇ, ಬ್ರಿಟನ್ ಯಹೂದಿಗಳಲ್ಲಿ ಅಷ್ಟು ಹೆಸರಿರೋ ಬೇರೆ ಪದವಿ ಆಗ ಇರ್ಲಿಲ್ಲ. ಆ ಘೋಷಣೆನ ಸಚಿವ ಸಂಪುಟದಲ್ಲಿ ಜೋರಾಗಿ ವಿರೋಧ ಮಾಡಿದ್ದು ಅದೇ ಎಡ್ವಿನ್ ಮಾಂಟೆಗು, ಇಂಡಿಯಾ ಮಂತ್ರಿ, ಅವರೂ ಯಹೂದಿ, ಅವರೂ ಬ್ಯಾಂಕರ್ ಲಾರ್ಡ್ ಮಗ. ನಾನೂ ಇಂಗ್ಲೆಂಡಿನವನೇ ಅಂತ ಹೋರಾಡಿದವರ ಮಕ್ಕಳ ಕಾಲಕ್ಕೆ ಬೇರೆ ನೆಲೆ ಅಂದ್ರೆ ನಮ್ಮನ್ನ ಮತ್ತೆ ಪರಕೀಯರು ಅಂತಾರೆ ಅನ್ನೋ ಭಯ ಅವರಿಗೆ. ಎಲ್ಲಾ ಯಹೂದಿ ಬ್ಯಾಂಕರ್‌ಗಳೂ ಒಂದೇ ಮಾತಾಡ್ತಿದ್ರು ಅನ್ನೋರು ಇವರಿಬ್ರನ್ನ ಪಕ್ಕಪಕ್ಕ ಇಟ್ಟು ನೋಡ್ಬೇಕು.

ವಾಲ್ಟರ್ ಆದ್ಮೇಲೆ ಪದವಿ ತಮ್ಮನ ಮಗನಿಗೆ ಹೋಗಿದ್ದು ಯಾಕೆ?

ವಾಲ್ಟರ್ ಮದುವೆ ಆಗ್ಲಿಲ್ಲ. ತಮ್ಮ ಚಾರ್ಲ್ಸ್ 1923ರಲ್ಲೇ ತೀರಿಕೊಂಡಿದ್ರು, ಹಾಗಾಗಿ 1937ರಲ್ಲಿ ಚಾರ್ಲ್ಸ್ ಮಗ ವಿಕ್ಟರ್‌ಗೆ ಬಂತು.

ಚಾರ್ಲ್ಸ್ ಲಾರ್ಡ್ ಆಗ್ಲೇ ಇಲ್ಲ, ಆದ್ರೂ ನಮಗೆ ಬೆಂಗಳೂರಿನವರಿಗೆ ಗೊತ್ತಿರ್ಬೇಕಾದ ಹೆಸರು. ಹಗಲೆಲ್ಲಾ ಬ್ಯಾಂಕಲ್ಲಿ ಕೆಲಸ, ಬಿಡುವಲ್ಲಿ ಚಿಗಟಗಳ ಅಧ್ಯಯನ. ಇಲಿ ಮೈಮೇಲಿರೋ ಝೆನಾಪ್ಸಿಲ್ಲಾ ಕಿಯೋಪಿಸ್ ಅನ್ನೋ ಚಿಗಟನ ಮೊದಲು ವಿವರಿಸಿ ಹೆಸರಿಟ್ಟಿದ್ದು ಇವರು, 1903ರಲ್ಲಿ. ಪ್ಲೇಗ್ ಹರಡೋದು ಮುಖ್ಯವಾಗಿ ಅದೇ ಚಿಗಟದಿಂದ ಅಂತ ಬಾಂಬೆಯಲ್ಲಿ ನಡೆದ ಸಂಶೋಧನೆಗಳು ಆಮೇಲೆ ತೋರಿಸಿಕೊಟ್ವು. 1898ರಲ್ಲಿ ಬೆಂಗಳೂರಿಗೆ ಪ್ಲೇಗ್ ಬಂದು ಜನ ಊರು ಬಿಟ್ಟಿದ್ದು, ಮಲ್ಲೇಶ್ವರ ಬಸವನಗುಡಿ ಬಡಾವಣೆಗಳು ಬೆಳೆದಿದ್ದು, ಪ್ಲೇಗಮ್ಮನ ಗುಡಿಗಳು ಎದ್ದಿದ್ದು ನೆನಪಿದೆಯಲ್ಲ, ಆ ಕಾಯಿಲೆ ಹೊತ್ಕೊಂಡು ತಿರುಗೋ ಹುಳಕ್ಕೆ ಹೆಸರು ಕೊಟ್ಟಿದ್ದು ಒಬ್ಬ ಬ್ಯಾಂಕರ್.

ಹೆಣ್ಣುಮಕ್ಕಳಿಗೆ ಈ ಪದವಿ ಬರುತ್ತಾ?

ಬರಲ್ಲ. ಗಂಡು ಸಂತಾನಕ್ಕೆ ಮಾತ್ರ ಅಂತ ಪದವಿಪತ್ರದಲ್ಲೇ ಇದೆ. ವಿಕ್ಟರ್ 1910ರಲ್ಲಿ ಹುಟ್ಟಿದವರು, ಅವರ ಅಕ್ಕ ಮಿರಿಯಮ್ 1908ರಲ್ಲಿ. ಅಪ್ಪನ ಚಿಗಟದ ಕೆಲಸನ ಮುಂದುವರಿಸಿ, ಚಿಗಟ ಹೇಗೆ ಹಾರುತ್ತೆ ಅಂತ ಪತ್ತೆ ಮಾಡಿ, ಯುದ್ಧದಲ್ಲಿ ಬ್ಲೆಚ್ಲಿ ಪಾರ್ಕ್‌ನಲ್ಲಿ ಗುಪ್ತ ಸಂಕೇತ ಒಡೆಯೋ ಕೆಲಸ ಮಾಡಿ, 1985ರಲ್ಲಿ ರಾಯಲ್ ಸೊಸೈಟಿ ಫೆಲೋ ಆದವರು. ವಿಕ್ಟರ್ ತಂಗಿ ನಿಕಾ ನ್ಯೂಯಾರ್ಕ್‌ಗೆ ಹೋಗಿ ಕಪ್ಪು ಜಾಝ್ ಕಲಾವಿದರಿಗೆ ಬೆನ್ನೆಲುಬಾಗಿ ನಿಂತವರು. ನಾಲ್ಕನೇ ಲಾರ್ಡ್ ಜೇಕಬ್‌ಗೂ ಮೂರು ಹೆಣ್ಣುಮಕ್ಕಳು ಆದ್ಮೇಲೆ ಒಬ್ಬ ಮಗ. ದೊಡ್ಡ ಮಗಳು ಹ್ಯಾನಾ ನ್ಯಾಷನಲ್ ಗ್ಯಾಲರಿ ಟ್ರಸ್ಟಿಗಳ ಮೊದಲ ಮಹಿಳಾ ಅಧ್ಯಕ್ಷೆ ಆದ್ರು, ಪದವಿ ಹೋಗಿದ್ದು ಕಿರಿಯವನಿಗೆ. ಧರ್ಮದ ಬಾಗಿಲು ತೆಗೆಸೋಕೆ ಅಷ್ಟು ಹೋರಾಡಿದ ಮನೇಲಿ ಈ ಬಾಗಿಲು ಇನ್ನೂ ಮುಚ್ಚಿದೆ, ಅದು ಆ ಮನೆಯ ತಪ್ಪಲ್ಲ, ಪದವಿ ಕಾನೂನಿನದ್ದು, ಆದ್ರೂ ಅನ್ಯಾಯ ಅನ್ಯಾಯಾನೇ.

ಮೂರನೇ ಲಾರ್ಡ್ ಗೂಢಚಾರ ಅಂತ ಆರೋಪ ಇತ್ತಾ?

ಇತ್ತು, ಕೇಂಬ್ರಿಜ್‌ನ ಸೋವಿಯತ್ ಗೂಢಚಾರರು ವಿಕ್ಟರ್ ಸ್ನೇಹಿತರಾಗಿದ್ರಿಂದ. 1986ರಲ್ಲಿ ಇವರೇ ಪೇಪರಿಗೆ ಪತ್ರ ಬರೆದು ನನ್ನ ಮೇಲೆ ಸಾಕ್ಷಿ ಇಲ್ಲ ಅಂತ ಸರ್ಕಾರ ಹೇಳಲಿ ಅಂದ್ರು, ಪ್ರಧಾನಿ ಥ್ಯಾಚರ್ ಸೋವಿಯತ್ ಏಜೆಂಟ್ ಅನ್ನೋಕೆ ಯಾವ ಸಾಕ್ಷಿನೂ ಇಲ್ಲ ಅಂತ ಹೇಳಿಕೆ ಕೊಟ್ರು. ಎರಡನೇ ಮಹಾಯುದ್ಧದಲ್ಲಿ ಇವರು ಬ್ರಿಟನ್ನಿನ ಗುಪ್ತಚರ ಸಂಸ್ಥೆ ಎಂಐ5ನಲ್ಲಿ ಬಾಂಬ್ ನಿಷ್ಕ್ರಿಯ ಮಾಡೋ ವಿಭಾಗದಲ್ಲಿದ್ರು. ಸ್ಪೇನ್‌ನಿಂದ ಬಂದ ಈರುಳ್ಳಿ ಪೆಟ್ಟಿಗೇಲಿ ಬಚ್ಚಿಟ್ಟಿದ್ದ ಬಾಂಬನ್ನ ಒಬ್ರೇ ಬಿಚ್ತಾ, ಏನಾದ್ರೂ ಆದ್ರೆ ಮುಂದಿನವರಿಗೆ ಗೊತ್ತಾಗ್ಲಿ ಅಂತ ಒಂದೊಂದು ಹೆಜ್ಜೆನೂ ಫೋನಲ್ಲಿ ಹೇಳ್ತಾ ಹೋದ್ರು. ಅದಕ್ಕೆ 1944ರಲ್ಲಿ ಜಾರ್ಜ್ ಮೆಡಲ್ ಬಂತು.

ಈಗ ಬ್ಯಾಂಕ್ ಲಾರ್ಡ್ ಕೈಲೇ ಇದೆಯಾ?

ಇಲ್ಲ, ಬಹಳ ಜನ ಎಡವೋದು ಇಲ್ಲೇ. ನ್ಯಾಟಿ ಕಾಲಕ್ಕೆ ಪದವಿ, ಬ್ಯಾಂಕ್ ಎರಡೂ ಒಬ್ರ ಹತ್ರಾನೇ ಇತ್ತು. ಆಮೇಲೆ ದಾರಿ ಬೇರೆ ಆಯ್ತು, ಬ್ಯಾಂಕ್ ನಡೆಸಿದ್ದು ನ್ಯಾಟಿ ತಮ್ಮ ಲಿಯೊಪೋಲ್ಡ್ ಮಕ್ಕಳು. ವಿಕ್ಟರ್ 1970ರ ದಶಕದಲ್ಲಿ ಒಂದು ಸ್ವಲ್ಪ ಕಾಲ ಚೇರ್ಮನ್ ಆಗಿದ್ರು ಅಷ್ಟೇ, ಆಮೇಲೆ ಲಿಯೊಪೋಲ್ಡ್ ಮೊಮ್ಮಗ ಎವೆಲಿನ್ ಬಂದ್ರು. ಜೇಕಬ್‌ಗೂ ಎವೆಲಿನ್‌ಗೂ ಹೊಂದಾಣಿಕೆ ಆಗದೆ ಜೇಕಬ್ 1980ರಲ್ಲಿ ಬ್ಯಾಂಕ್ ಬಿಟ್ಟು ತಮ್ಮದೇ ಹೂಡಿಕೆ ವ್ಯವಹಾರ ಬೆಳೆಸಿದ್ರು. ಎವೆಲಿನ್ ಆದ್ಮೇಲೆ 2003ರಿಂದ ಲಂಡನ್ ಬ್ಯಾಂಕಿನ ಚುಕ್ಕಾಣಿ ಪ್ಯಾರಿಸ್ ಶಾಖೆಯವರ ಕೈಗೆ ಹೋಯ್ತು.

ಈಗಿನ ಲಾರ್ಡ್ ಯಾರು? ಪಾರ್ಲಿಮೆಂಟ್‌ನಲ್ಲಿ ಸೀಟಿದೆಯಾ?

ಜೇಕಬ್ 2024ರ ಫೆಬ್ರವರಿ 26ಕ್ಕೆ ತೀರಿಕೊಂಡ್ರು, ಮಗ ನೆಥಾನಿಯಲ್ ಐದನೇ ಲಾರ್ಡ್. ಸೀಟು ಪದವಿ ಜೊತೆಗೆ ಬರಲ್ಲ. 1999ರ ಕಾನೂನಿನಿಂದ 92 ಜನ ಬಿಟ್ಟು ಉಳಿದ ವಂಶಪಾರಂಪರ್ಯದ ಪಿಯರ್‌ಗಳೆಲ್ಲಾ ಲಾರ್ಡ್ಸ್‌ನಿಂದ ಹೊರಗೆ ಬಂದ್ರು, ಜೇಕಬ್ ಕೂಡ.

ಇದನ್ನೆಲ್ಲಾ ಹೋಗಿ ನೋಡ್ಬೋದಾ?

ಇಂಗ್ಲೆಂಡ್‌ಗೆ ಹೋದೋರು, ಅಲ್ಲೇ ಇರೋ ನಮ್ಮವರು, ಖಂಡಿತ ನೋಡಿ. ಟ್ರಿಂಗ್ ಮ್ಯೂಸಿಯಂನ ವಾಲ್ಟರ್ ರಾಷ್ಟ್ರಕ್ಕೇ ಬರೆದುಕೊಟ್ರು, ಈಗ ನ್ಯಾಚುರಲ್ ಹಿಸ್ಟರಿ ಮ್ಯೂಸಿಯಂನ ಭಾಗ, ಟಿಕೆಟ್ ಇಲ್ಲ, ಲಂಡನ್ ಯೂಸ್ಟನ್ ಸ್ಟೇಷನ್‌ನಿಂದ ಟ್ರೈನ್ ಇದೆ, ಆದ್ರೆ ಟ್ರಿಂಗ್ ಸ್ಟೇಷನ್ ಊರಿಂದ ದೂರ, ಬಸ್ಸೋ ಟ್ಯಾಕ್ಸಿನೋ ಬೇಕು. ಮಕ್ಕಳನ್ನ ಕರ್ಕೊಂಡು ಹೋದ್ರೆ ಮೆಕ್ಸಿಕೋದಿಂದ ಬಂದ ಬಟ್ಟೆ ಹಾಕಿದ ಚಿಗಟಗಳನ್ನ ಮರೀದೆ ತೋರಿಸಿ. ವಾಡ್ಸ್‌ಡನ್ ಬಂಗಲೆ ಏಲ್ಸ್‌ಬರಿ ಹತ್ರ, 1957ರಿಂದ ನ್ಯಾಷನಲ್ ಟ್ರಸ್ಟ್‌ದು, ಅದಕ್ಕೆ ಟಿಕೆಟ್ ಇದೆ, ಬುಕ್ ಮಾಡ್ಕೊಂಡೇ ಹೋಗಿ.